ಹೌದು, ನಾನಂದದ್ದು ಅದೇ

ಕಳೆದ ತಿಂಗಳು ನಮ್ಮ ಮೇಷ್ಟ್ರು ನಿವೃತ್ತರಾದರು. ಚಾಮರಾಜನಗರದ ಕಾಲೇಜಿನ ಸಭಾಂಗಣದಲ್ಲಿ ಶಾಲು, ಹಣ್ಣಿನ ಬುಟ್ಟಿ, ಮೈಸೂರು ಪೇಟ ಎಲ್ಲ ಆಯಿತು. ಮಾತಾಡಿದವರೆಲ್ಲ ಒಂದೇ ಮಾತನ್ನು ತಿರುಗಿಸಿ ತಿರುಗಿಸಿ ಹೇಳಿದರು: ಅವರು ಯಾರ ಜೊತೆಗೂ ಜಗಳ ಆಡಿದವರಲ್ಲ, ಯಾರ ಮನಸ್ಸನ್ನೂ ನೋಯಿಸಿದವರಲ್ಲ. ಮೊದಲನೆಯದು ನಿಜ. ಎರಡನೆಯದಕ್ಕೆ ನನ್ನ ತಕರಾರಿದೆ. ಮೂರು ವರ್ಷ ಅವರ ಕೈಕೆಳಗೆ ಚರ್ಚಾಸ್ಪರ್ಧೆಗೆ ತಯಾರಾದವಳು ನಾನು. ಆ ಮೂರು ವರ್ಷದಲ್ಲಿ ಅವರಷ್ಟು ನನ್ನನ್ನು ರೇಗಿಸಿದವರು ಬೇರೆ ಯಾರೂ ಇಲ್ಲ. ಜಗಳಕ್ಕೇ ಬಾರದ ಮನುಷ್ಯನ ಮೇಲೆ ಸಿಟ್ಟು ಬಂದರೆ ಆ ಸಿಟ್ಟನ್ನು ಎಲ್ಲಿ ಇಳಿಸುವುದು?

ರಾಜ್ಯಶಾಸ್ತ್ರದ ಮೇಷ್ಟ್ರು. ಊರು ಕುದೇರು. ಹಣೆಯಲ್ಲಿ ಮೂರು ಬೆರಳಿನ ವಿಭೂತಿ, ಬೆಳಗಿನ ಪೂಜೆ ಮುಗಿಯದೆ ಕಾಫಿ ಕೂಡ ಕುಡಿಯದ ಮನೆತನ. ಅವರು ವರ್ಷಗಟ್ಟಲೆ ಓದಿದ್ದು ಮಾತ್ರ ಮಲೇಷ್ಯಾದ ಶರಿಯತ್ ಕೋರ್ಟುಗಳ ಬಗ್ಗೆ. ಪಿಎಚ್‌ಡಿಗೆಂದು ಕೌಲಾಲಂಪುರದಲ್ಲಿ ಇದ್ದು ಬಂದವರು. ಊರಲ್ಲಿ ಅವರನ್ನು ಇವತ್ತಿಗೂ 'ಮಲೇಷ್ಯಾ ಮೇಷ್ಟ್ರು' ಎನ್ನುತ್ತಾರೆ. ಅಲ್ಲಿ ಅವರು ಪಾಮಾಯಿಲ್ ಕಂಪನಿಯಲ್ಲಿದ್ದರೆಂದು ಅರ್ಧ ಊರು ನಂಬಿದೆ. ಒಮ್ಮೆ ಸ್ಟಾಫ್ ರೂಮಿನಲ್ಲಿ ಇತಿಹಾಸದವರು ನನ್ನೆದುರಿಗೇ ಕೆಣಕಿದರು.

"ಅಲ್ಲಾ ಸಾ, ಲಿಂಗ ಕಟ್ಕೊಂಡು ಶರಿಯತ್ ಓದಿದ್ರಲ್ಲ, ನಿಮಗೂ ಅದಕ್ಕೂ ಏನ್ಸಾ ಸಂಬಂಧ?"

"ಹೆರಿಗೆ ಡಾಕ್ಟ್ರು ಎಲ್ಲಾರೂವೆ ಹೆತ್ತೋರೇ ಆಗಿರ್ತಾರೇನಪ್ಪಾ?" ಎಂದು ಮೇಷ್ಟ್ರು ಟಿಫಿನ್ ಡಬ್ಬಿಯ ಮುಚ್ಚಳ ತೆಗೆದರು.

ಇಷ್ಟು ಓದಿದವರು ಖಚಿತವಾಗಿ ಏನಾದರೂ ಹೇಳಬೇಕಲ್ಲ? ಇಲ್ಲ. ಮೊದಲ ವರ್ಷದಲ್ಲೇ ನಾನು ಕ್ಲಾಸಿನಲ್ಲಿ ಎದ್ದು ಕೇಳಿದ್ದೆ, "ಸಾರ್, ಶರಿಯತ್ ಇರೋ ದೇಶದಲ್ಲಿ ಪ್ರಜಾಪ್ರಭುತ್ವ ಇರೋಕೆ ಸಾಧ್ಯಾನಾ, ಇಲ್ವಾ?" ನಾನು ದೇವರನ್ನೂ ನಂಬುವವಳಲ್ಲ, ದೇವರ ಹೆಸರಿನ ಕಾನೂನನ್ನೂ ನಂಬುವವಳಲ್ಲ. ಯಾವ ಧರ್ಮದ್ದಾದರೂ ಸರಿ. 'ಇಲ್ಲ' ಎಂಬ ಉತ್ತರವನ್ನು ಅವರ ಬಾಯಿಂದ ಕೇಳಬೇಕೆಂದೇ ಎದ್ದಿದ್ದೆ.

"ಯಾವ ದೇಶ?"

"ಮಲೇಷ್ಯಾ ಅಂತಾನೇ ಇಟ್ಕೊಳ್ಳಿ."

"ಮಲೇಷ್ಯಾದಲ್ಲಿ ಯಾವ ರಾಜ್ಯ?"

ಕ್ಲಾಸು ನಕ್ಕಿತು. ಅವರು ನಗಲಿಲ್ಲ. ತಿರುಗಿ ಬೋರ್ಡಿನ ಮೇಲೆ ಉದ್ದ ಬದನೆಕಾಯಿಯಂಥ ಒಂದು ಆಕಾರ ಬರೆದರು, ಅದನ್ನು ತುಂಡು ತುಂಡು ಮಾಡಿದರು. ಅಲ್ಲಿ ಶರಿಯತ್ ಕೇಂದ್ರದ್ದಲ್ಲ, ಒಂದೊಂದು ರಾಜ್ಯದ್ದು. ಸುಲ್ತಾನರಿರುವ ಕಡೆ ಧರ್ಮಕ್ಕೆ ಆಯಾ ಸುಲ್ತಾನರೇ ಮುಖ್ಯಸ್ಥರು. ಕಾಯ್ದೆ ಮಾಡುವುದು ಮಾತ್ರ ಓಟು ಹಾಕಿ ಆರಿಸಿದ ವಿಧಾನಸಭೆ. ಮದುವೆ, ತಲಾಖ್, ಆಸ್ತಿ, ಧರ್ಮದ ವಿರುದ್ಧದ್ದೆನ್ನುವ ಸಣ್ಣ ಅಪರಾಧಗಳು, ಇಷ್ಟೇ ಆ ಕೋರ್ಟಿನ ಬೇಲಿ. ಅದೂ ಮುಸ್ಲಿಮರಿಗೆ ಮಾತ್ರ. ಉಳಿದದ್ದೆಲ್ಲ ಬ್ರಿಟಿಷರು ಬಿಟ್ಟುಹೋದ ಕೋರ್ಟಿನಲ್ಲಿ. ಗಂಡ ಮತಾಂತರವಾದ, ಹೆಂಡತಿ ಆಗಲಿಲ್ಲ, ಮಗು ಯಾರಿಗೆ ಎಂಬ ಪ್ರಶ್ನೆ ಬಂತೋ, ಎರಡು ಕೋರ್ಟಿನಿಂದ ಎರಡು ಆದೇಶ. ಬೆಲ್ ಹೊಡೆಯಿತು. ನನ್ನ ಪ್ರಶ್ನೆ ಹಾಗೇ ನಿಂತಿತ್ತು.

"ಹಾಗಾದ್ರೆ ಸಾಧ್ಯಾನಾ, ಇಲ್ವಾ ಸಾರ್?"

"ನೀನೇ ಯೋಳಮ್ಮಿ. ಮೊದ್ಲು ಸಾಧ್ಯ ಅನ್ನೋನ ಬಾಯಲ್ಲಿ ಯೋಳು. ಆಮೇಲೆ ನಿಂದು."

ಇದೇ ಅವರ ಪದ್ಧತಿ. ಚರ್ಚೆಯ ತಾಲೀಮಿನಲ್ಲಿ ಎದುರಾಳಿಯ ಮಾತನ್ನು ಖಂಡಿಸುವ ಮೊದಲು ಅದನ್ನು ನಮ್ಮ ಬಾಯಲ್ಲಿ ಹೇಳಬೇಕು. ಎದುರಾಳಿ ಕೇಳಿಸಿಕೊಂಡು "ಹೌದು, ನಾನಂದದ್ದು ಅದೇ" ಎನ್ನಬೇಕು. ಅನ್ನದಿದ್ದರೆ ಇನ್ನೊಮ್ಮೆ. ಅದೂ ಆಗದಿದ್ದರೆ ಮತ್ತೊಮ್ಮೆ. ನಾಲ್ಕು ನಿಮಿಷದ ಸ್ಪರ್ಧೆಗೆ ಇದೆಂಥ ತಾಲೀಮು? ಬೇರೆ ಕಾಲೇಜಿನವರು ಮೇಜು ಗುದ್ದಿ ಕವನ ಹೇಳಿ ಕಪ್ಪು ಹೊತ್ತುಕೊಂಡು ಹೋಗುತ್ತಿದ್ದರು. ನಾವು ಎದುರಾಳಿಯ ವಾದವನ್ನು ಎದುರಾಳಿಗಿಂತ ಚೆನ್ನಾಗಿ ಹೇಳಿ, ನಮ್ಮ ವಾದ ಶುರುವಾಗುವಷ್ಟರಲ್ಲಿ ಗಂಟೆ ಹೊಡೆಸಿಕೊಂಡು ಕೆಳಗಿಳಿಯುತ್ತಿದ್ದೆವು. ನಾನು ಸಿಟ್ಟಿನಿಂದ ಕುದಿಯುತ್ತಿದ್ದರೆ ಮೇಷ್ಟ್ರು ಬಸ್‌ಸ್ಟ್ಯಾಂಡಿನಲ್ಲಿ ಕಡಲೆಕಾಯಿ ಕೊಡಿಸಿ, "ಚೆನ್ನಾಗಿ ಯೋಳ್ದೆ ಕಣಮ್ಮಿ, ಅವರ ಕಡೇದ್ನ" ಎನ್ನುತ್ತಿದ್ದರು.

ಕೊನೆಯ ವರ್ಷ ಮೈಸೂರಿನ ಅಂತರಕಾಲೇಜು ಸ್ಪರ್ಧೆಗೆ ಒಂದು ವಿಷಯ ಬಂತು: ಧರ್ಮದ ಕಾನೂನು ಇರುವ ದೇಶದಲ್ಲಿ ಪ್ರಜಾಪ್ರಭುತ್ವ ಬಾಳುವುದಿಲ್ಲ. ನನಗಾಗಿಯೇ ಬರೆದಂತಿತ್ತು. ಕಾಲೇಜಿನಿಂದ ಇಬ್ಬರು, ಒಬ್ಬರು ಪರ, ಒಬ್ಬರು ವಿರೋಧ. ನನ್ನ ಜೊತೆಗಾತಿ ರುಬೀನಾ. ಗುಂಡ್ಲುಪೇಟೆಯವಳು, ದಿನಾ ನನ್ನ ಜೊತೆ ಒಂದೇ ಬಸ್ಸಿನಲ್ಲಿ ಚಾಮರಾಜನಗರಕ್ಕೆ ಬರುತ್ತಿದ್ದವಳು. ನನ್ನಪ್ಪ ಕೇರಳ ಗಡಿಯ ಕಾಡಿನ ಮದ್ದೂರು ವಲಯದಲ್ಲಿ ಅರಣ್ಯ ಇಲಾಖೆಯ ವಾಚರ್. ಅವಳಪ್ಪನದು ಗುಂಡ್ಲುಪೇಟೆಯಲ್ಲಿ ಬಾಳೆಕಾಯಿ ಮಂಡಿ, ಕೇರಳಕ್ಕೆ ಲೋಡು ಕಳಿಸುವವರು. ನಾನು ಕೂಗಿ ಮಾತಾಡುವವಳು, ಅವಳು ಮೆಲ್ಲಗೆ ಮಾತಾಡಿ ಗೆಲ್ಲುವವಳು.

ಮೇಷ್ಟ್ರು ಪಕ್ಷ ಹಂಚಿದರು. ಪರ, ರುಬೀನಾ. ವಿರೋಧ, ನಾನು. ಅಂದರೆ ಶರಿಯತ್ ಇದ್ದೂ ಪ್ರಜಾಪ್ರಭುತ್ವ ಬಾಳುತ್ತದೆ ಎಂದು ನಾನು ವಾದಿಸಬೇಕು, ಬಾಳುವುದಿಲ್ಲ ಎಂದು ರುಬೀನಾ ವಾದಿಸಬೇಕು.

"ಸಾರ್, ಉಲ್ಟಾ ಆಯ್ತು," ಎಂದೆ.

"ಉಲ್ಟಾ ಆಗ್ಲಿ ಅಂತ್ಲೇ ಕೊಟ್ಟಿರದು. ನಿಮ್ಮ ನಿಮ್ಮ ಕಡೆ ನೀವು ಮಾತಾಡೋಕೆ ನಾನ್ಯಾಕೆ ಬೇಕು?"

ಹದಿನೈದು ದಿನ ಓದಿದೆವು. ನಾನು ಗೊಣಗುತ್ತಲೇ ಸಾಮಾನು ಒಟ್ಟುಮಾಡಿದೆ: ಅಲ್ಲಿ ಚುನಾವಣೆ ನಡೆಯುತ್ತದೆ, ದಶಕಗಟ್ಟಲೆ ಆಳಿದ ಕೂಟ ಸೋತಾಗ ಅಧಿಕಾರ ಬಿಟ್ಟುಕೊಟ್ಟಿದೆ, ರಾಜ್ಯದ ಶರಿಯತ್ ಕಾಯ್ದೆಯ ಸೆಕ್ಷನ್ನುಗಳನ್ನು ದೇಶದ ದೊಡ್ಡ ಕೋರ್ಟು ರದ್ದು ಮಾಡಿದ್ದೂ ಇದೆ. ರುಬೀನಾ ಹಿಡಿದದ್ದು ಒಂದೇ ಎಳೆ, ಧರ್ಮದ ಪ್ರಶ್ನೆಗೆ ವಿದ್ವಾಂಸರು ಕೊಡುವ ಅಭಿಪ್ರಾಯ. ಫತ್ವಾ. ಅಲ್ಲಿ ಸರ್ಕಾರ ನೇಮಿಸಿದ ವಿದ್ವಾಂಸ ಮುಫ್ತಿ ಕೊಟ್ಟ ಫತ್ವಾ ಗೆಜೆಟ್‌ನಲ್ಲಿ ಅಚ್ಚಾದರೆ ಅದು ಆ ರಾಜ್ಯದ ಮುಸ್ಲಿಮರ ಮೇಲೆ ಕಾನೂನು. ಮೀರಿದರೆ ಅಪರಾಧ. "ವಿಧಾನಸಭೆ ಮಾಡಿದ್ದಾದ್ರೆ ವಿಧಾನಸಭೇಲಿ ಪ್ರಶ್ನೆ ಕೇಳ್ಬಹುದು, ವಿದ್ವಾಂಸರ ಅಭಿಪ್ರಾಯ ಆದ್ರೆ ಇನ್ನೊಬ್ಬ ವಿದ್ವಾಂಸರನ್ನ ಕೇಳ್ಬಹುದು. ಎರಡೂ ಸೇರಿದ್ರೆ ಯಾರನ್ನೂ ಕೇಳೋ ಹಾಗಿಲ್ಲ" ಎಂದಳು ಒಂದು ದಿನ ತಾಲೀಮಿನಲ್ಲಿ. ಚೆನ್ನಾಗಿತ್ತು. ಚೆನ್ನಾಗಿದ್ದುದೇ ತೊಂದರೆಯಾಯಿತು.

ಆ ತಾಲೀಮನ್ನು ಯಾರೋ ಮೊಬೈಲಿನಲ್ಲಿ ಹಿಡಿದರು. ಎರಡು ತುಂಡಾಗಿ ಕತ್ತರಿಸಿ ಬಿಟ್ಟರು. ನನ್ನ ಅರ್ಧ ನಿಮಿಷ ಒಂದು ಥರದ ವಾಟ್ಸಾಪ್ ಗುಂಪುಗಳಲ್ಲಿ ಓಡಿತು: ಹಿಂದೂ ಹುಡುಗಿಯ ಬಾಯಲ್ಲಿ ಶರಿಯತ್ ಹೊಗಳಿಸುತ್ತಿರುವ ಮೇಷ್ಟ್ರು. ರುಬೀನಾಳ ಅರ್ಧ ನಿಮಿಷ ಇನ್ನೊಂದು ಥರದ ಗುಂಪುಗಳಲ್ಲಿ: ಮುಸ್ಲಿಂ ಹುಡುಗಿಯ ಬಾಯಲ್ಲಿ ಶರಿಯತ್ ಬೈಸುತ್ತಿರುವ ಮೇಷ್ಟ್ರು. ಒಂದೇ ಬೆಳಿಗ್ಗೆ ಎರಡೂ ಕಡೆಯವರು ಪ್ರಿನ್ಸಿಪಾಲರ ರೂಮಿನ ಮುಂದಿನ ಒಂದೇ ಬೆಂಚಿನಲ್ಲಿ ಕೂತಿದ್ದರು. ಒಬ್ಬರ ದೂರನ್ನು ಇನ್ನೊಬ್ಬರು ಕೇಳಿಸಿಕೊಂಡಿದ್ದರೆ ವಿಷಯ ಅಲ್ಲೇ ಮುಗಿಯುತ್ತಿತ್ತು. ಕೇಳಿಸಿಕೊಳ್ಳಲಿಲ್ಲ. ಮೇಷ್ಟ್ರನ್ನು ಕರೆಸಿದಾಗ ಅವರು ಮಾಡಿದ್ದೇನು? ಮೊದಲು ಒಂದು ಕಡೆಯವರ ದೂರನ್ನು ಅವರಿಗೆ ಒಪ್ಪುವಂತೆ ಹೇಳಿದರು, ಆಮೇಲೆ ಇನ್ನೊಂದು ಕಡೆಯದನ್ನು. ಇಬ್ಬರೂ "ಹೌದು, ಅದೇ" ಎಂದರು. ತಮ್ಮ ದೂರು ಇಷ್ಟು ಗಟ್ಟಿಯಾಗಿದೆಯೆಂದು ಅವರಿಗೆ ಆವರೆಗೂ ಗೊತ್ತಿರಲಿಲ್ಲ, ಇನ್ನಷ್ಟು ಬಿಗಿಯಾದರು. ಪ್ರಿನ್ಸಿಪಾಲರು ತಲೆ ಹಿಡಿದುಕೊಂಡರಂತೆ.

ನನ್ನ ಮನೆಯಲ್ಲಿ ಅಪ್ಪ ಒಂದೇ ಮಾತು ಕೇಳಿದರು: "ಇದ್ಕೆ ಮಾರ್ಕ್ಸು ಕೊಟ್ಟಾರಾ?" ಅಲ್ಲಿಗೆ ಮುಗಿಯಿತು. ರುಬೀನಾಳ ಮನೆಯಲ್ಲಿ ಮುಗಿಯಲಿಲ್ಲ. ಮೈಸೂರಿಗೆ ಹೋಗುವಂತಿಲ್ಲ, ಮಾತು ಇನ್ನೂ ಬೆಳೆದರೆ ಕಾಲೇಜೂ ಬೇಡ, ಮನೆಯಲ್ಲೇ ಕೂತು ಪರೀಕ್ಷೆ ಕಟ್ಟಲಿ ಎಂದರಂತೆ ಅವಳಪ್ಪ. ಬಸ್ಸಿನಲ್ಲಿ ಇದನ್ನು ಹೇಳುವಾಗ ಅವಳ ದನಿ ಏರಲೂ ಇಲ್ಲ, ಇಳಿಯಲೂ ಇಲ್ಲ. ನನಗೆ ಅದೇ ಹೆದರಿಕೆಯಾಯಿತು. ಮೇಷ್ಟ್ರಿಗೆ ಹೇಳಿದೆ. "ಓಗನ ನಡಿ" ಎಂದರು.

ಶನಿವಾರ ಮಧ್ಯಾಹ್ನ ಮಂಡಿಗೆ ಹೋದೆವು. ಬಾಳೆಗೊನೆಗಳ ಹಸಿ ವಾಸನೆ, ಲಾರಿಗೆ ಲೋಡು ತುಂಬುತ್ತಿದ್ದರು. ಅವಳಪ್ಪ ಮೇಷ್ಟ್ರಿಗೆ ಕುರ್ಚಿ ಕೊಟ್ಟು, ಚಹಾ ಹೇಳಿ, ಮಗಳನ್ನೂ ಮನೆಯಿಂದ ಕರೆಸಿದರು. ಮರ್ಯಾದೆಗೆ ಏನೂ ಕಡಿಮೆಯಿರಲಿಲ್ಲ.

"ಮೇಷ್ಟ್ರೇ, ನಿಮ್ಮ ಮೇಲೆ ನಂಗೆ ಕೋಪ ಇಲ್ಲ. ಆದ್ರೆ ಮಾಡಿದ್ದು ಸರಿಯಿಲ್ಲ."

ನಾನು ಮೇಷ್ಟ್ರು ಈಗ ಸಂವಿಧಾನ ತೆಗೆಯುತ್ತಾರೆ, ಈಗ ವಾದಿಸುತ್ತಾರೆ ಎಂದು ಕಾದೆ. ಅವರು ಚಹಾದ ಲೋಟ ಕೆಳಗಿಟ್ಟರು.

"ನೀವನ್ನೋದು ಇಷ್ಟು ಅಂತ ಕಾಣ್ತದೆ. ಅವಳು ಧರ್ಮದ ವಿರುದ್ಧ ಮಾತಾಡ್ಬುಟ್ಲು ಅಂತ."

"ಅಲ್ಲ ಸಾ." ಅವಳಪ್ಪ ಕೈ ಆಡಿಸಿದರು. "ಅವಳಂದದ್ದು ನಂಗೇನು ಹೊಸದಾ? ಇಲ್ಲಿ ಒಬ್ಬ ಮೌಲ್ವಿ ಯೋಳಿದ್ದು ಮನಸ್ಸಿಗೆ ಬರ್ಲಿಲ್ಲ ಅಂದ್ರೆ ಗಡಿ ದಾಟಿ ಕೇರಳದ ಬತ್ತೇರಿಗೆ ಹೋಗಿ ಇನ್ನೊಬ್ಬರನ್ನ ಕೇಳ್ತೀವಿ. ಕೇಳ್ಬಾರದು ಅಂದ್ರೆ ನಂಗೂ ಕಷ್ಟವೇ. ಅದಲ್ಲ ವಿಷಯ."

"ಹಂಗಾದ್ರೆ ಊರವರು ಏನಂತಾರೆ ಅಂತ?"

"ಅದೂ ಅಲ್ಲ."

ಲೋಡಿನವನೊಬ್ಬ ಬಾಗಿಲಲ್ಲಿ ಇಣುಕಿ, "ಅಣ್ಣಾ, ರಾತ್ರಿ ಮದ್ದೂರು ಕಾಡಿನ ಗೇಟ್ ಹಾಕೋದ್ರೊಳಗೆ ಗಾಡಿ ದಾಟ್ಬೇಕು, ಬಿಲ್ಲು ಕೊಡಿ" ಎಂದ. ಅವಳಪ್ಪ ಅವನ ಕಡೆ ನೋಡಲೇ ಇಲ್ಲ. ಮೇಷ್ಟ್ರು ಕುರ್ಚಿಯನ್ನು ಮುಂದೆ ಎಳೆದುಕೊಂಡರು. ಈ ಸಲ ದನಿ ಬೇರೆಯಿತ್ತು.

"ಮೈಸೂರಿನ ಸಭಾಂಗಣದಲ್ಲಿ ಕೂತಿರೋರು ಅವಳ ವಾದಕ್ಕೆ ಚಪ್ಪಾಳೆ ಹೊಡೆಯಲ್ಲ. ತಲೇ ಮೇಲೆ ದುಪಟ್ಟಾ ಹಾಕ್ಕೊಂಡಿರೋ ಹುಡುಗಿ ಇದನ್ನ ಯೋಳ್ತಾವ್ಳಲ್ಲಾ ಅಂತ ಹೊಡೀತಾರೆ. ಅವಳ ಮಾತು ಅವಳದ್ದಾಗಿ ಉಳಿಯಲ್ಲ. ಬೇರೆಯೋರ ಕೈಗೆ ಕಲ್ಲಾಗ್ತದೆ. ಆ ಕಲ್ಲು ವಾಪಸ್ ನಿಮ್ಮನೆ ಮೇಲೇ ಬೀಳ್ತದೆ."

ಅವಳಪ್ಪ ಮೇಷ್ಟ್ರ ಕಡೆಗೆ ಪೂರ್ತಿ ತಿರುಗಿದರು. "ಹೌದು ಸಾ," ಎಂದರು. "ನಾನಂದದ್ದು ಅದೇ. ನಂಗೇ ಇಷ್ಟು ಚೆನ್ನಾಗಿ ಯೋಳೋಕ್ ಬರ್ತಿರ್ಲಿಲ್ಲ."

"ಅದನ್ನ ನಾನು ಯೋಚ್ನೆ ಮಾಡಿರ್ಲಿಲ್ಲ," ಎಂದರು ಮೇಷ್ಟ್ರು.

ಅಷ್ಟೇ! ಇಷ್ಟು ವರ್ಷ 'ಕೇಳುವವರು ಯಾರೆಂದು ನೋಡಬೇಡಿ, ವಾದ ನೋಡಿ' ಎಂದು ಪಾಠ ಮಾಡಿದ ಮನುಷ್ಯ ಎದುರಾಳಿಯ ಕೈಗೆ ಗೆಲುವನ್ನು ತಟ್ಟೆಯಲ್ಲಿಟ್ಟು ಕೊಟ್ಟು ಕೂತುಬಿಟ್ಟರು. ಕೇಳುವವರನ್ನು ನೋಡಿ ಬಾಯಿ ಮುಚ್ಚಿಕೊಳ್ಳುವುದಾದರೆ ಈ ದೇಶದಲ್ಲಿ ಯಾವ ಹೆಣ್ಣು ಯಾವಾಗ ಮಾತಾಡಬೇಕು? ನನ್ನ ನಾಲಗೆಯ ತುದಿಯಲ್ಲಿತ್ತು. ಮೇಷ್ಟ್ರು ನನ್ನ ಕಡೆ ನೋಡಿದ ನೋಟಕ್ಕೆ ನುಂಗಿಕೊಂಡೆ.

ಅವಳಪ್ಪನಿಗೂ ಗೆದ್ದ ಮೇಲೆ ಮನಸ್ಸು ಸಡಿಲವಾಯಿತೆಂದು ಕಾಣುತ್ತದೆ. ಮಗಳ ಕಡೆ ತಿರುಗಿದರು. ಮನೆಯಲ್ಲಿ ಉರ್ದು ಮಾತಾಡುವವರು, ನಮ್ಮೆದುರಿಗೆ ಅಂತ ಕನ್ನಡದಲ್ಲೇ ಕೇಳಿದರು.

"ನೋಡು ರುಬೀ. ಇದು ಮೇಷ್ಟ್ರು ಕೊಟ್ಟ ಪಾಠ, ಬರೀ ಸ್ಪರ್ಧೆ, ಆಟ ಇದ್ದಂಗೆ. ಹಂಗಂತ ನೀನು ಯೋಳ್ಬುಡು. ಕೇಳಿದೋರಿಗೆಲ್ಲ ನಾನು ಅದ್ನೇ ಯೋಳ್ತೀನಿ, ನಾಟಕದಲ್ಲಿ ಪಾರ್ಟು ಮಾಡಿದ್ಲು ಅಂತ. ಮೈಸೂರಿಗೂ ಹೋಗು. ಏನಂತೀಯಾ?"

ಬಾಗಿಲು ತೆರೆದಿತ್ತು. ಒಂದು ಮಾತು ಸಾಕಿತ್ತು. ನಾನು ಅವಳ ಮೊಣಕೈ ಹಿಡಿದು ಒತ್ತಿದೆ. ಹೇಳೇ, ಆಟ ಅನ್ನೇ. ಮೇಷ್ಟ್ರು ಪಕ್ಷ ಹಂಚಿದ್ದು ಸತ್ಯವೇ ತಾನೆ, ಸುಳ್ಳೇನಲ್ಲವಲ್ಲ.

ಅವಳು ನನ್ನ ಕೈ ಬಿಡಿಸಿಕೊಂಡಳು.

"ಶುರುನಲ್ಲಿ ಅವರು ಕೊಟ್ಟಿದ್ದೇ, ಅಬ್ಬಾ. ಈಗ ನಂದು."

ಲೋಡಿನವನು ಮತ್ತೆ ಇಣುಕಿದ. ಅವಳಪ್ಪ ಎದ್ದು ಹೋಗಿ ಬಿಲ್ಲು ಬರೆದುಕೊಟ್ಟು, ಲಾರಿ ಹೊರಟದ್ದನ್ನು ನೋಡಿ, ವಾಪಸು ಬಂದು ಕೂತರು.

"ನಿಂದು ಅಂತೀಯಾ?"

"ಹೂಂ."

"ನಿಂದಾದ್ರೆ ಮೈಸೂರಿನಲ್ಲಿ ಯಾಕೆ? ಗೊತ್ತಿಲ್ಲದೋರ ಮುಂದೆ ಧೈರ್ಯ ಯಾರಿಗಾದ್ರೂ ಬರ್ತದೆ. ಇಲ್ಲೇ ಯೋಳು. ನಮ್ಮೋರ ಮುಂದೆ. ಮೌಲ್ವಿ ಸಾಹೇಬ್ರನ್ನೂ ಕರೀತೀನಿ. ಮೇಷ್ಟ್ರೂ ಬರ್ಲಿ. ನಮ್ಮೋರ ಮುಂದೆ ನಿಂತ್ಕೊಂಡ್ರೆ ನೀನು ಕಾಲೇಜಿಗೆ ಓಗೋದ್ನ ಯಾರೂ ತಡೆಯಲ್ಲ. ಆಗಲ್ಲ ಅಂದ್ರೆ ಈ ಮಾತು ಇಲ್ಲಿಗೇ ಬುಡು, ಮನೇಲಿ ಕೂತು ಓದು."

ಇದು ಅನುಮತಿಯೋ ಬೆದರಿಕೆಯೋ ಗೊತ್ತಾಗಲಿಲ್ಲ. ರುಬೀನಾ ನೆಲ ನೋಡುತ್ತಿದ್ದಳು. ಆಮೇಲೆ "ಯೋಳ್ತೀನಿ" ಎಂದಳು.

ಮನೆಗೆ ಹೋಗದೆ ಮೇಷ್ಟ್ರ ಜೊತೆ ಚಾಮರಾಜನಗರದ ಬಸ್ಸನ್ನೇ ಹತ್ತಿದೆ, ದಾರಿಯುದ್ದಕ್ಕೂ ಅವರನ್ನು ಬಿಡಲಿಲ್ಲ. ನೀವು ಗೆಲ್ಲಬಹುದಿತ್ತು, ಒಂದೇ ಒಂದು ಪ್ರಶ್ನೆ ಸಾಕಿತ್ತು, ಎದುರಿನವರ ಮಾತು ಹೇಳಿ ಮುಗಿಸಿದ ಮೇಲೆ ನಮ್ಮದು ಹೇಳಬೇಕೆಂದು ಕಲಿಸಿದವರೇ ನೀವು, ನಿಮ್ಮದು ಎಲ್ಲಿ ಹೋಯಿತು? ಅವರು ಕಿಟಕಿಯಾಚೆ ಚೆಂಡುಹೂವಿನ ಹೊಲ ನೋಡುತ್ತಿದ್ದರು.

"ಅಲ್ಲಿ ನಾನು ಅವರ ಮೇಲೆ ಗೆದ್ದಿದ್ರೆ, ರಾತ್ರಿ ಅವರು ಮನೇಲಿ ಅವಳ ಮೇಲೆ ಗೆಲ್ತಿದ್ರು ಕಣಮ್ಮಿ."

"ಈಗ ಮಾತ್ರ ಏನಾಯ್ತು? ಅವಳೊಬ್ಬಳನ್ನೇ ಎಲ್ಲರ ಮುಂದೆ ನಿಲ್ಲಿಸಿ ಬಂದ್ರಿ."

ಅವರು ಕನ್ನಡಕ ತೆಗೆದು ಒರೆಸತೊಡಗಿದರು. ಚಾಮರಾಜನಗರ ಬರುವವರೆಗೂ ಒರೆಸಿದರು.

ಮೈಸೂರಿಗೆ ನಾನು ಒಬ್ಬ ಹುಡುಗನ ಜೊತೆ ಹೋದೆ. ರುಬೀನಾ ಬರೆದುಕೊಂಡದ್ದನ್ನು ಅವನಿಗೆ ಕೊಡುತ್ತೀಯಾ ಎಂದು ಕೇಳಿದ್ದಕ್ಕೆ ಅವಳು, "ನನ್ನ ಮಾತು ಅವನ ಬಾಯಲ್ಲಿ ಯಾಕೆ?" ಎಂದಿದ್ದಳು. ಸೋತೆವು. ಸೋತದ್ದನ್ನು ವರ್ಣಿಸುವ ಆಸಕ್ತಿ ನನಗಿಲ್ಲ.

ಮುಂದಿನ ಶುಕ್ರವಾರ, ನಮಾಜು ಮುಗಿದ ಮೇಲೆ, ಗುಂಡ್ಲುಪೇಟೆಯ ಅವರ ಮನೆ. ಹಜಾರದಲ್ಲಿ ಗಂಡಸರು, ಅವಳ ಚಿಕ್ಕಪ್ಪಂದಿರು, ಮಂಡಿಯ ಪಾಲುದಾರರು, ಮೌಲ್ವಿ ಸಾಹೇಬರು. ಒಳಕೋಣೆಯಲ್ಲಿ ಹೆಂಗಸರು, ನಡುವೆ ಪರದೆ. ಮೇಷ್ಟ್ರು ವಿಭೂತಿ ಧರಿಸಿಯೇ ಬಂದು ಗೋಡೆಗೆ ಒರಗಿ ಚಾಪೆಯ ಮೇಲೆ ಕೂತಿದ್ದರು, ಪಕ್ಕದಲ್ಲಿ ನಾನು. ಜೇಬಿನಲ್ಲಿ ಒಂದು ಚೀಟಿ, ಅದರಲ್ಲಿ ಕೊನೆಗೆ ಹೇಳಬೇಕಾದ ಮಾತುಗಳು. ಎಲ್ಲ ಚರ್ಚೆಯ ಕೊನೆಯಲ್ಲೂ ಎದ್ದು ಎರಡೂ ಕಡೆಯನ್ನು ಒಟ್ಟು ಮಾಡಿ ಹೇಳದಿದ್ದರೆ ಅವರಿಗೆ ಊಟ ಸೇರುವುದಿಲ್ಲ. ಇವತ್ತೂ ಬಿಡುವುದಿಲ್ಲವಲ್ಲ ಈ ಮಹಾರಾಯರು ಎಂದುಕೊಂಡೆ.

ರುಬೀನಾ ಹೊಸ್ತಿಲ ಮೇಲೆ ನಿಂತಳು. ಅಲ್ಲಿ ನಿಂತರೆ ಎರಡೂ ಕಡೆಗೆ ಕೇಳಿಸುತ್ತದೆ. ನಮ್ಮಿಬ್ಬರಿಗಾಗಿ ಕನ್ನಡದಲ್ಲೇ ಮಾತಾಡಿದಳು, ನಡುನಡುವೆ ಒಳಗಿನವರಿಗೆ ಉರ್ದು. ಹೊಸದೇನೂ ಸೇರಿಸಲಿಲ್ಲ, ಏನನ್ನೂ ಬಿಡಲೂ ಇಲ್ಲ. ಮುಫ್ತಿ, ಗೆಜೆಟ್, ಅಪರಾಧ. ಕೈ ಮಾತ್ರ ಬಾಗಿಲ ಚೌಕಟ್ಟನ್ನು ಬಿಗಿಯಾಗಿ ಹಿಡಿದಿತ್ತು.

ಮೌಲ್ವಿ ಸಾಹೇಬರು ವಯಸ್ಸಾದವರು, ಮೆತ್ತಗೆ ಕೇಳಿದರು. "ಬೇಟಿ, ಫತ್ವಾ ಬರೀ ಒಬ್ಬರ ಅಭಿಪ್ರಾಯ ಅಂತ ಬಿಟ್ಬಿಟ್ರೆ ಜನ ಏನ್ಮಾಡ್ತಾರೆ? ತಮಗೆ ಅನುಕೂಲ ಆಗೋದನ್ನ ಹುಡುಕ್ಕೊಂಡು ಹೋಗ್ತಾರೆ. ಹೆಂಡತೀನ ಬಿಡಬೇಕು ಅನ್ನೋನಿಗೆ ಬಿಡು ಅನ್ನೋರು ಸಿಕ್ಕೇ ಸಿಗ್ತಾರೆ. ಆಗ ಸಾಯೋದು ಯಾರು? ಹೆಂಗಸರೇ ಅಲ್ವಾ? ಸರ್ಕಾರ ಒಂದೇ ಮಾತು ಅಂತ ಕಟ್ಟಿಹಾಕಿದ್ರೆ ಅದರಲ್ಲಿ ಒಳ್ಳೇದೂ ಇದೆ."

ನನಗೆ ಈ ಪ್ರಶ್ನೆ ಹೊಳೆದೇ ಇರಲಿಲ್ಲ. ಹೊಳೆದಿದ್ದರೆ ಮೈಸೂರಿನಲ್ಲಿ ನನ್ನ ಕಡೆಗೆ ಎಷ್ಟು ಚೆನ್ನಾಗಿರುತ್ತಿತ್ತು. ರುಬೀನಾ ಅದನ್ನು ಮೊದಲು ತನ್ನ ಬಾಯಲ್ಲಿ ಹೇಳಿದಳು, ನಿಧಾನವಾಗಿ. ನೀವು ಹೇಳೋದು, ಸಡಿಲ ಬಿಟ್ರೆ ಬಲ ಇರೋರು ತಮಗೆ ಬೇಕಾದ್ದನ್ನ ಆರಿಸ್ಕೊತಾರೆ, ಬಲ ಇಲ್ಲದೋರಿಗೆ ಆಯ್ಕೆನೇ ಇರಲ್ಲ ಅಂತ. ಮೌಲ್ವಿ ಸಾಹೇಬರು ಹೌದೆಂದು ಗೋಣಾಡಿಸಿದರು.

"ಸರಿ. ಇಲ್ಲಿ ಹಂಗೆ ಆರಿಸ್ಕೊಂಡೋನು ದೇವರಿಗೆ ಉತ್ತರ ಕೊಡ್ಬೇಕು, ನಿಮಗೂ ಕೊಡ್ಬೇಕು. ನೀವು ಅವನ ಮನೆ ಬಾಗಿಲಿಗೆ ಹೋಗಿ ಬಯ್ಯಬಹುದು. ಅಲ್ಲಿ ಪ್ರಶ್ನೆ ಕೇಳಿದೋಳು ಇನ್‌ಸ್ಪೆಕ್ಟರಿಗೆ ಉತ್ತರ ಕೊಡ್ಬೇಕು. ನೀವು ಅಲ್ಲಿದ್ದು, ಗೆಜೆಟ್ ತಪ್ಪು ಅಂದಿದ್ರೆ, ನೀವೂ ಕೊಡ್ಬೇಕಾಗಿತ್ತು ಹಜ್ರತ್."

ಚಪ್ಪಾಳೆ ಬೀಳಲಿಲ್ಲ. ಒಬ್ಬ ಚಿಕ್ಕಪ್ಪ ಟೋಪಿ ಸರಿಮಾಡಿಕೊಂಡರು. ಅವಳಪ್ಪ ಮಗಳನ್ನು ನೋಡುತ್ತಿರಲಿಲ್ಲ, ಮೌಲ್ವಿಯ ಮುಖವನ್ನೇ ನೋಡುತ್ತಿದ್ದರು. ಮೌಲ್ವಿ ಸಾಹೇಬರು ಗಡ್ಡ ನೀವಿಕೊಳ್ಳುತ್ತ ಯೋಚನೆಯಲ್ಲಿದ್ದರು, ಎದ್ದು ಹೋಗುವ ಅವಸರ ಅವರಿಗಿದ್ದಂತೆ ಕಾಣಲಿಲ್ಲ. ಇದು ಯಾವ ಕಡೆಗೆ ಹೋಗುತ್ತದೋ ಗೊತ್ತಿರಲಿಲ್ಲ. ಆಗ ನಮ್ಮ ಮೇಷ್ಟ್ರು ಗಂಟಲು ಸರಿಮಾಡಿಕೊಂಡು, ಚೀಟಿ ತೆಗೆದು, ಎದ್ದು ನಿಂತರು.

ಅವರು ಬಾಯಿ ತೆರೆಯುವ ಮೊದಲೇ ಪರದೆಯ ಹಿಂದಿನಿಂದ ಒಂದು ಹೆಂಗಸಿನ ದನಿ ಬಂತು. ಅವಳ ದೊಡ್ಡಮ್ಮ ಇರಬೇಕು, ಗುಂಡ್ಲುಪೇಟೆಯ ಅಪ್ಪಟ ಕನ್ನಡ.

"ಏನೋ ಗೆಜೆಟ್ಟು ಅಂದ್ಯಲ್ಲಮ್ಮಿ, ಅದೊಂದು ನಮಗೆ ಗೊತ್ತಾಗ್ಲಿಲ್ಲ. ಗಂಡಸ್ರಿಗೆ ಯೋಳ್ದಂಗಲ್ಲ, ನಮಗೆ ತಿಳಿಯೋ ಹಂಗೆ ಇನ್ನೊಂದ್ಸಲ ಯೋಳು."

ಮೇಷ್ಟ್ರು ಚೀಟಿಯನ್ನು ಜೇಬಿಗೆ ಹಾಕಿಕೊಂಡು ಕೂತರು. ರುಬೀನಾ ಚೌಕಟ್ಟಿನಿಂದ ಕೈ ತೆಗೆದು, ನಮಗೆಲ್ಲ ಬೆನ್ನು ಮಾಡಿ, ಒಳಕೋಣೆಯ ಕಡೆ ತಿರುಗಿ ಮೊದಲಿನಿಂದ ಶುರುಮಾಡಿದಳು.